ಕೆನರಾದ ಖಾಲಿ ಸಾಲು

  

ಪದವಿ ಪಡೆದ ಮಕ್ಕಳೇ, ನಿಮ್ಮ ಇವತ್ತಿನ ಅತಿಥಿ, ಅಂದರೆ ಈ ಮಾತಾಡುತ್ತಿರುವವಳು, ವಿಜ್ಞಾನಿಯಲ್ಲ, ಉದ್ಯಮಿಯೂ ಅಲ್ಲ. 1980ರಲ್ಲಿ ಗ್ರಾಮ ಲೆಕ್ಕಾಧಿಕಾರಿಯಾಗಿ ಕಂದಾಯ ಇಲಾಖೆಗೆ ಸೇರಿ, ತಹಶೀಲ್ದಾರಳಾಗಿ ನಿವೃತ್ತಳಾದ ಹೆಂಗಸು. ಅವಳ ಆಯುಷ್ಯದ ಬಹುಭಾಗ ಈ ಜಿಲ್ಲೆಯ ತಾಲ್ಲೂಕು ಕಚೇರಿಗಳಲ್ಲೇ ಕಳೆಯಿತು. ಇಲ್ಲಿ ಬರಲು ಒಪ್ಪಿದಾಗ ಅವಳ ತಲೆಯಲ್ಲಿದ್ದದ್ದು ಒಬ್ಬ ಗವರ್ನರನ ಕಥೆ. ಮನಸ್ಸಿಲ್ಲದ ಮನಸ್ಸಿನಿಂದ ಈ ಕರಾವಳಿಗೆ ಕಂದಾಯ ಗೊತ್ತುಮಾಡಲು ಬಂದು, ಬೇಗ ಬಿಡುಗಡೆ ಬೇಡಿ ಹೋಗಿ, ಇಪ್ಪತ್ತು ವರ್ಷದ ಮೇಲೆ ಮದರಾಸು ಪ್ರಾಂತಕ್ಕೇ ಗವರ್ನರನಾದವನು ಅವನು.

ಥಾಮಸ್ ಮನ್ರೋ ಹುಟ್ಟಿದ್ದು 1761ರಲ್ಲಿ, ಸ್ಕಾಟ್ಲೆಂಡಿನ ಗ್ಲಾಸ್ಗೋದಲ್ಲಿ. ಅಪ್ಪನದು ಅಮೆರಿಕದ ವರ್ಜೀನಿಯಾದೊಡನೆ ವ್ಯಾಪಾರ. ಅಮೆರಿಕದ ವಸಾಹತುಗಳು ಇಂಗ್ಲೆಂಡಿನ ಮೇಲೆ ತಿರುಗಿಬಿದ್ದಾಗ ಆ ವ್ಯಾಪಾರ ಮುಳುಗಿ ಮನೆ ಬಡತನಕ್ಕೆ ಬಿತ್ತು. ಮಗ ಈಸ್ಟ್ ಇಂಡಿಯಾ ಕಂಪನಿಯ ಸೈನ್ಯದಲ್ಲಿ ಕೆಡೆಟ್ ಆಗಿ 1780ರ ಜನವರಿಯಲ್ಲಿ ಮದರಾಸಿಗೆ ಬಂದಿಳಿದ. ವಯಸ್ಸು ಹದಿನೆಂಟು, ಇಲ್ಲಿ ಕುಳಿತ ಹಲವರಿಗಿಂತ ಚಿಕ್ಕವನು. ಆ ದಿನಗಳ ತನ್ನ ಹಾಸಿಗೆಯನ್ನು ಅವನು ಮುಂದೆ ಸಹೋದರಿಗೆ ಬರೆದ ಕಾಗದದಲ್ಲಿ ವರ್ಣಿಸಿದ್ದಾನೆ. ಕೋಲುಗಳಿಗೆ ಬಿಗಿದ ಒಂದು ತುಂಡು ಕ್ಯಾನ್ವಾಸು, ಹೊದಿಕೆಗೆ ಊರಿನಿಂದ ತಂದ ದಪ್ಪ ಕೋಟು. ಕೋಟಿನ ತೋಳುಗಳೊಳಗೆ ಕಾಲು ತೂರಿಸಿ, ಉಳಿದದ್ದನ್ನು ತಲೆಯ ಮೇಲೆ ಎಳೆದುಕೊಂಡು ಮಲಗುತ್ತಿದ್ದನಂತೆ. ಚಿಕ್ಕಂದಿನಲ್ಲಿ ದಡಾರ ಬಂದು ಅವನ ಕಿವಿ ಮಂದವಾಗಿತ್ತು. ಈ ಕಿವಿಯ ಸಂಗತಿಯೊಂದನ್ನು ನೆನಪಿಟ್ಟುಕೊಳ್ಳಿ.

1799ರ ಮೇ 4ರಂದು ಶ್ರೀರಂಗಪಟ್ಟಣ ಬಿತ್ತು. ಕಾರವಾರದ ಕಡೆಯಿಂದ ಕಾಸರಗೋಡಿನ ತನಕದ ಕೆನರಾ ಕಂಪನಿಯ ಪಾಲಾಯಿತು. ಅದಕ್ಕೆ ಮುಂಚೆ ಏಳು ವರ್ಷ ಮನ್ರೋ ಬಾರಾಮಹಲ್‌ನಲ್ಲಿ, ಅಂದರೆ ಈಗಿನ ಕೃಷ್ಣಗಿರಿ, ಧರ್ಮಪುರಿ, ಸೇಲಂ ಸೀಮೆಯಲ್ಲಿ, ಅಲೆಗ್ಸಾಂಡರ್ ರೀಡ್ ಎಂಬ ಹಿರಿಯ ಅಧಿಕಾರಿಯ ಕೈಕೆಳಗೆ ಪಳಗಿದ್ದ. ಮತ್ತೆ ಅಲ್ಲಿಗೇ ಹೋಗಬೇಕೆಂಬುದು ಅವನ ಆಸೆ. ಸಿಕ್ಕಿದ್ದು ಕೆನರಾ. ಇಲ್ಲಿಯ ಮಳೆ, ಏರುತಗ್ಗು, ಹೊಳೆಗಳು ಅವನಿಗೆ ಹಿಡಿಸಲಿಲ್ಲ. ಜನರೂ ಸುಲಭಕ್ಕೆ ಒಗ್ಗಲಿಲ್ಲ. ಒಕ್ಕಲುಗಳು ಕೂಟ ಕಟ್ಟಿ, ಕಂದಾಯ ಇಳಿಸದೆ ಲೆಕ್ಕಪತ್ರ ತೋರಿಸುವುದಿಲ್ಲ ಎಂದು ಕುಳಿತರು.

ಆಗ ಮನ್ರೋ ಹಳೆಯ ಲೆಕ್ಕಗಳನ್ನು ಹುಡುಕಿಸಿದ. ಆ ಕಾಲದ ಶಾನುಭೋಗರ ಲೆಕ್ಕವೆಂದರೆ ಕಡತ. ಬಟ್ಟೆಗೆ ಹುಣಸೆಬೀಜದ ಅಂಟು, ಇದ್ದಿಲಿನ ಪುಡಿ ಬಳಿದು ಕಪ್ಪಾಗಿಸಿ, ಮಡಿಕೆ ಮಡಿಕೆಯಾಗಿ ಮಡಚಿ, ಬಳಪದಲ್ಲಿ ಬರೆಯುತ್ತಿದ್ದ ಪುಸ್ತಕ. ಕಚೇರಿಯ ಫೈಲಿಗೆ ಇವತ್ತೂ ಕಡತ ಎನ್ನುತ್ತೇವಲ್ಲ, ಆ ಮಾತು ಅಲ್ಲಿಂದ ಬಂದದ್ದು. ವಿಜಯನಗರ, ಕೆಳದಿ, ಹೈದರ್, ಟಿಪ್ಪು, ಹೀಗೆ ಕಾಲಕಾಲಕ್ಕೆ ಈ ನೆಲದ ಮೇಲೆ ಕಂದಾಯ ಹೇಗೆ ಏರುತ್ತ ಬಂತೆಂದು ಬಿಡಿಸಿ, 1800ರ ಮೇ 31ರಂದು ಕಂದಾಯ ಮಂಡಳಿಗೆ ಒಂದು ದೀರ್ಘ ವರದಿ ಬರೆದ. ಇಲ್ಲಿ ಭೂಮಿ ದೊರೆಯ ಸೊತ್ತಲ್ಲ, ಜನರ ಸ್ವಂತ ಆಸ್ತಿ. ಅದನ್ನು ಮಾರುತ್ತಾರೆ, ಅಡವಿಡುತ್ತಾರೆ, ಗೇಣಿಗೆ ಕೊಡುತ್ತಾರೆ ಎಂಬುದು ಅದರ ತಿರುಳು. ವರ್ಗ (ಸ್ವಂತ ಹಿಡುವಳಿ), ಮೂಲಗೇಣಿ (ಕಾಯಂ ಗೇಣಿ), ಚಾಲಗೇಣಿ (ತಾತ್ಕಾಲಿಕ ಗೇಣಿ) ಎಂಬ ನಮ್ಮ ಮನೆಮಾತುಗಳಿಗೆ ಸರಕಾರದ ಕಾಗದದಲ್ಲಿ ಜಾಗ ಸಿಕ್ಕಿತು. ಇನ್ನೂರು ವರ್ಷ ದಾಟಿದ ಮೇಲೆ, 2011ರಲ್ಲಿ, ಮೂಲಗೇಣಿದಾರರಿಗೆ ಒಡೆತನ ಕೊಡಲು ಕರ್ನಾಟಕ ಒಂದು ಕಾಯ್ದೆಯನ್ನೇ ಮಾಡಬೇಕಾಯಿತು ಎಂದರೆ ಆ ಮಾತುಗಳ ಬೇರು ಎಷ್ಟು ಆಳವೆಂದು ಊಹಿಸಿ.

ಅವನನ್ನು ದೇವರ ಪಟದ ಪಕ್ಕ ಕೂರಿಸುವ ಆಸೆ ಈ ಅತಿಥಿಗಿಲ್ಲ. ವಿಟ್ಲದ ಹೆಗ್ಗಡೆಯವರು ಬಂಡೆದ್ದಾಗ, 1800ರಲ್ಲಿ, ಅವರನ್ನೂ ಜೊತೆಗಾರರನ್ನೂ ಹಿಡಿದು ಗಲ್ಲಿಗೇರಿಸಿದ್ದು ಇದೇ ಆಡಳಿತ. ಕೆನರಾದ ಯಾರೂ ಮನ್ರೋನನ್ನು ಆರಿಸಿ ತಂದಿರಲಿಲ್ಲ. ಅವನ ಓರಗೆಯ ಡಿವಿಟ್ ಕ್ಲಿಂಟನ್ ಅಮೆರಿಕದ ನ್ಯೂಯಾರ್ಕ್ ರಾಜ್ಯಕ್ಕೆ ಗವರ್ನರನಾದದ್ದು ಜನರ ಮುಂದೆ ಹೋಗಿ ಮತ ಕೇಳಿ. 363 ಮೈಲಿಯ ಈರಿ ಕಾಲುವೆಯನ್ನು 1825ರಲ್ಲಿ ತೆರೆದ ಆತ ಸೋತದ್ದೂ ಉಂಟು, ಮತ್ತೆ ಗೆದ್ದದ್ದೂ ಉಂಟು. ಮನ್ರೋಗೆ ಸೋಲುವ ಭಯವೇ ಇರಲಿಲ್ಲ. ಆದರೂ ಅವನು ಕೇಳಿಸಿಕೊಳ್ಳುವ ಕಷ್ಟ ತೆಗೆದುಕೊಂಡ. ಇವತ್ತಿನ ಮಾತಿಗೆ ಬೇಕಾದದ್ದು ಅಷ್ಟೇ.

ಇಲ್ಲಿ ಕಥೆ ಸ್ವಲ್ಪ ದಾರಿ ಬಿಡುತ್ತದೆ, ಬಿಡಲೇಬೇಕು. ಅತಿಥಿಗೆ ಕೇಳಿಸಿಕೊಳ್ಳುವುದನ್ನು ಕಲಿಸಿದವರು ಒಬ್ಬ ಶಿರಸ್ತೇದಾರರು. ಹೆಸರು ಹೇಳಿದರೆ ಅವರಿಗೆ ಇಷ್ಟವಾಗುತ್ತಿರಲಿಲ್ಲ.

1974ರ ಮಾರ್ಚ್ 1ರಿಂದ ಜಾರಿಗೆ ಬಂದ ಭೂಸುಧಾರಣೆಯ ಕಾವು ಅವಳು ಕೆಲಸಕ್ಕೆ ಸೇರಿದಾಗ ಇನ್ನೂ ಆರಿರಲಿಲ್ಲ. ಊರೂರಲ್ಲಿ ಗೇಣಿ ಒಕ್ಕಲುಗಳು ಡಿಕ್ಲರೇಶನ್ ಹಾಕಿ ಕಾಯುತ್ತಿದ್ದರು. ಭೂ ನ್ಯಾಯಮಂಡಳಿಯ ಮುಂದೆ ಕಟ್ಟುಗಟ್ಟಲೆ ಅರ್ಜಿಗಳಿದ್ದವು. ಘಟ್ಟದ ಮೇಲಿಂದ ಬಂದ ಇಪ್ಪತ್ತೆರಡು ವರ್ಷದ ಗ್ರಾಮ ಲೆಕ್ಕಾಧಿಕಾರಿಗೆ ತುಳು ಬಾರದು, ಮಳೆಗಾಲವೆಂದರೆ ಭಯ. ಒಂದು ಅರ್ಜಿಗೆ ಸ್ಥಳ ತನಿಖೆಯ ವರದಿ ಬೇಕಿತ್ತು. ಜುಲೈ ತಿಂಗಳು, ತೋಡು ತುಂಬಿ ಸಂಕ ಮುಳುಗಿತ್ತು. ಅವಳು ಹೋಗಲಿಲ್ಲ. ಊರಿನ ಒಬ್ಬರು ಪ್ರಮುಖರು ಹೇಳಿದ್ದನ್ನು ನಂಬಿ, ಕಚೇರಿಯಲ್ಲೇ ಕುಳಿತು, ಅರ್ಜಿದಾರರ ಸಾಗುವಳಿ ಕಂಡುಬರುವುದಿಲ್ಲ ಎಂದು ಚಂದದ ಅಕ್ಷರದಲ್ಲಿ ಬರೆದಳು.

ಶಿರಸ್ತೇದಾರರು ವರದಿ ಓದಿ, ಕನ್ನಡಕ ತೆಗೆದು ಮೇಜಿನ ಮೇಲಿಟ್ಟರು. "ಆ ಮನೆಯ ಬಾಗಿಲು ಯಾವ ದಿಕ್ಕಿಗಿದೆಯಮ್ಮ?" ಎಂದರು. ಉತ್ತರವಿರಲಿಲ್ಲ. ಅವರು ಬೈಯಲಿಲ್ಲ. "ನಾಳೆ ಏಳೂವರೆಯ ಬಸ್ಸಿಗೆ ಬಾ" ಎಂದರು, ಅಷ್ಟೆ.

ಮರುದಿನ ಉಗ್ರಾಣಿ ಮುಂದೆ, ಶಿರಸ್ತೇದಾರರು ನಡುವೆ, ಇವಳು ಹಿಂದೆ. ಸುತ್ತು ದಾರಿಯಲ್ಲಿ ಎರಡು ಗಂಟೆ ನಡಿಗೆ. ಕಾಲಿಗೆ ಹತ್ತಿದ ಉಂಬಳ ಬಿಡಿಸಲು ಅವರು ಜೇಬಿನಿಂದ ಸುಣ್ಣದ ಡಬ್ಬಿ ತೆಗೆದುಕೊಟ್ಟರು. ಮುಳಿಹುಲ್ಲಿನ ಮನೆ, ಬಾಗಿಲು ಪೂರ್ವಕ್ಕೆ. ಎಂಬತ್ತರ ಹತ್ತಿರದ ಅಜ್ಜಿಯೊಬ್ಬರು ಹೊರಗೆ ಬಂದು ಅಂಗಳದ ಅಂಚಿನಲ್ಲಿ ನಿಂತು "ಉಂದು ಎಂಕ್ಲೆನ ಜಾಗೆ" ಎಂದರು. ಇದು ನಮ್ಮ ಜಾಗ ಎಂದು. ಆಮೇಲೆ ಅವರು ಬಾಯಿಂದ ಹೆಚ್ಚು ಹೇಳಲಿಲ್ಲ, ಕೈ ಹಿಡಿದು ತೋರಿಸಿದರು: ಗಂಡ ತೋಡಿದ ಬಾವಿ, ಅದರ ಏತದ ಕಂಬ, ಮಗ ಹುಟ್ಟಿದ ವರ್ಷ ನೆಟ್ಟ ಹಲಸು, ಗದ್ದೆಯ ಅಂಚಿನ ಹದಿನಾಲ್ಕು ಅಡಿಕೆ ಮರ. ಏತದ ಕಂಬದಲ್ಲಿ ಕಾಲಿಟ್ಟು ಕಾಲಿಟ್ಟು ಸವೆದ ಗುಳಿ ಇತ್ತು. ಶಿರಸ್ತೇದಾರರು ಆ ಗುಳಿಯ ಮೇಲೆ ಬೆರಳಿಟ್ಟು, "ಇದು ಎಷ್ಟು ವರ್ಷದ ಸಾಗುವಳಿ, ಬರಿ" ಎಂದರು.

ಹೊಸ ವರದಿ ಹೋಯಿತು, ಅರ್ಜಿ ಊರ್ಜಿತವಾಯಿತು. ಮೊದಲ ವರದಿ ಹೋಗಿದ್ದರೆ ಆ ಮನೆ ಬೀದಿಗೆ ಬೀಳುತ್ತಿತ್ತು. ಬರೆದವಳಿಗೆ ಅದು ಗೊತ್ತೂ ಆಗುತ್ತಿರಲಿಲ್ಲ. ನಲವತ್ತಕ್ಕೂ ಹೆಚ್ಚು ವರ್ಷವಾದರೂ ಆ ಚಂದದ ಅಕ್ಷರ ಅವಳ ಕಣ್ಣಿಂದ ಮರೆಯಾಗಿಲ್ಲ.

ಮನ್ರೋನ ಕಥೆಗೆ ಬಂದರೆ, ಅವನು 1800ರ ಕೊನೆಗೆ ಕೆನರಾ ಬಿಟ್ಟು ಬಳ್ಳಾರಿ, ಅನಂತಪುರ, ಕಡಪೆಯ ಸೀಮೆಗೆ ಹೋದ. ಏಳು ವರ್ಷ ಹೆಚ್ಚಾಗಿ ಡೇರೆಯಲ್ಲೇ ವಾಸ. ಹಳ್ಳಿ ಹಳ್ಳಿ ಅಳೆಸಿದ, ಒಬ್ಬೊಬ್ಬ ರೈತನಿಗೂ ಕಂದಾಯ ಕಟ್ಟಿದ. ಕಟ್ಟಿದ ಮೇಲೆ ಅದು ಭಾರವಾಯಿತೆಂದು ಅವನಿಗೇ ಕಂಡಿತು. ಕಾಲು ಭಾಗ ಇಳಿಸಬೇಕು ಎಂದು 1807ರಲ್ಲಿ ಬರೆದ. ಮೇಲಿನವರು ಕಿವಿಗೊಡಲಿಲ್ಲ. 1820ರ ಜೂನ್‌ನಲ್ಲಿ ತಾನೇ ಮದರಾಸಿನ ಗವರ್ನರನಾದಾಗ ಆ ಇಳಿಕೆಯನ್ನು ಜಾರಿಗೆ ತಂದ. ತಾನು ಹಾಕಿದ ಲೆಕ್ಕ ತಪ್ಪೆಂದು ತಾನೇ ಬರೆದು, ಹದಿಮೂರು ವರ್ಷ ಅದನ್ನು ಮರೆಯದಿದ್ದ ಅಧಿಕಾರಿಗಳು ಎಷ್ಟು ಮಂದಿ ಸಿಕ್ಕಾರು? ಈ ದೇಶದವರನ್ನು ದೊಡ್ಡ ಹುದ್ದೆಗಳಿಂದ ದೂರ ಇಡುವುದು ಅವರನ್ನು ಕುಗ್ಗಿಸುತ್ತದೆ, ಮುಂದೊಂದು ದಿನ ಅವರೇ ತಮ್ಮನ್ನು ಆಳಿಕೊಳ್ಳುವ ಹಾಗಾಗಬೇಕು ಎಂದು 1824ರ ಡಿಸೆಂಬರ್ 31ರ ಟಿಪ್ಪಣಿಯಲ್ಲಿ ಬರೆದವನೂ ಅವನೇ.

ಮಂತ್ರಾಲಯದ ಕಥೆ ನಿಮ್ಮ ಮನೆಗಳಲ್ಲೂ ಕೇಳಿರುತ್ತೀರಿ. ಮಠದ ಜಮೀನಿನ ವಿಚಾರಣೆಗೆ ಹೋದ ಮನ್ರೋನೊಡನೆ ರಾಯರು ಬೃಂದಾವನದಿಂದ ಮಾತಾಡಿದರೆಂದೂ, ಸುತ್ತ ನಿಂತವರಿಗೆ ಆ ದನಿ ಕೇಳಿಸಲಿಲ್ಲವೆಂದೂ ಭಕ್ತರು ಹೇಳುತ್ತಾರೆ. ಕಿವಿ ಮಂದವಾದ ಮನುಷ್ಯನ ಬಗ್ಗೆ ಜನ ಉಳಿಸಿಕೊಂಡ ಕಥೆ ಕೇಳಿಸಿಕೊಂಡದ್ದರ ಕಥೆ!

1827ರ ಜುಲೈ 6ರಂದು, ಊರಿಗೆ ಮರಳುವ ಮುನ್ನ ತನ್ನ ಹಳೆಯ ಜಿಲ್ಲೆಗಳನ್ನು ಕೊನೆಯ ಬಾರಿ ನೋಡಲು ಹೊರಟಿದ್ದಾಗ, ಪತ್ತಿಕೊಂಡದಲ್ಲಿ ಕಾಲರಾ ತಗುಲಿ ಮನ್ರೋ ಸತ್ತ. ಹತ್ತು ವರ್ಷ ಕಳೆಯುವುದರೊಳಗೆ, 1837ರ ಏಪ್ರಿಲ್‌ನಲ್ಲಿ, ಅಮರ ಸುಳ್ಯದ ರೈತರು ಮಂಗಳೂರಿಗೆ ನುಗ್ಗಿ ನಮ್ಮ ಬಾವುಟಗುಡ್ಡದ ಮೇಲೆ ತಮ್ಮ ಬಾವುಟ ಹಾರಿಸಿದರು. ಕೊಡಗಿನ ಅರಸರ ಕಾಲದಲ್ಲಿ ಬೆಳೆಯ ರೂಪದಲ್ಲಿ ಕೊಡುತ್ತಿದ್ದ ಕಂದಾಯವನ್ನು ನಗದಿನಲ್ಲೇ ಕಟ್ಟಬೇಕೆಂದು ಕಂಪನಿ ಹಟ ಹಿಡಿದದ್ದು ಅವರ ಸಿಟ್ಟಿನ ಒಂದು ಕಾರಣ. ರೊಕ್ಕ ಎಲ್ಲಿಂದ ತರುತ್ತೀರಿ ಎಂದು ಯಾರೂ ಹೋಗಿ ಕೇಳಿರಲಿಲ್ಲ. ಅದೇ ಗುಡ್ಡದಲ್ಲಿ 2022ರಲ್ಲಿ, ಆ ರೈತರನ್ನು ಮುನ್ನಡೆಸಿದ ಕೆದಂಬಾಡಿ ರಾಮಯ್ಯ ಗೌಡರ ಪ್ರತಿಮೆ ನಿಂತಿತು. ಅದರ ಮುಂದೆ ದಿನವೂ ಹಾದುಹೋಗುವ ನಿಮ್ಮಲ್ಲಿ ಎಷ್ಟು ಜನ ಅಲ್ಲಿ ನಿಂತು ಹೆಸರು ಓದಿದ್ದೀರಿ?

ಈ ಪ್ರಶ್ನೆಯಲ್ಲಿ ಸ್ವಲ್ಪ ಖಾರ ಇದೆ, ಇರಲಿ. ಪಹಣಿಗಳೆಲ್ಲ ಭೂಮಿ ತಂತ್ರಾಂಶಕ್ಕೆ ಹೋದಾಗ ಈ ಅತಿಥಿ ಸಂತೋಷಪಟ್ಟವಳು. ಕೈಬರಹದ ಪುಸ್ತಕ ತಿದ್ದಿ ಬಡವರ ಜಾಗ ನುಂಗುವುದು ಕಷ್ಟವಾಯಿತು, ರೈತ ಪಹಣಿಗಾಗಿ ವಾರಗಟ್ಟಲೆ ಅಲೆಯುವುದು ತಪ್ಪಿತು. ಆದರೆ ಸೇವೆಯ ಕೊನೆಯ ವರ್ಷಗಳಲ್ಲಿ ಅವಳ ಮುಂದೆ ಬಂದ ಚುರುಕು ಹುಡುಗ ಹುಡುಗಿಯರಲ್ಲಿ ಹಲವರು ಪರದೆಯಲ್ಲಿ ಇದ್ದರೆ ಉಂಟು, ಇಲ್ಲದಿದ್ದರೆ ಇಲ್ಲ ಎನ್ನುತ್ತಿದ್ದರು. ಕುಮ್ಕಿ ಎಂದರೆ ಏನೆಂದು ಕೇಳಿದರೆ ಫೋನಿನಲ್ಲಿ ಹುಡುಕುತ್ತಿದ್ದರು. ವರ್ಗ ಜಾಗದ ಅಂಚಿನಿಂದ 450 ಲಿಂಕ್ ತನಕ ಸೊಪ್ಪು, ಸೌದೆಗೆ ಇರುವ ಸವಲತ್ತು ಎಂಬುದು ಪುಸ್ತಕದ ಮಾತು. ಸರಪಳಿ ಹಿಡಿದು, ಸೊಪ್ಪು ಕಡಿಯುವವರ ಹಿಂದೆ ಗುಡ್ಡ ಹತ್ತಿದರೆ ಮಾತ್ರ ಅದು ಯಾರ ಹಟ್ಟಿಯ ಗೊಬ್ಬರ, ಯಾರ ಒಲೆಯ ಸೌದೆ ಎಂಬುದು ತಿಳಿಯುತ್ತದೆ.

ಆದ್ದರಿಂದ ಕೆಲವು ಕೆಲಸ ಹೇಳುತ್ತಾಳೆ. ನಿಮ್ಮ ಮನೆಯ ಜಾಗದ ಪಹಣಿ ತೆಗೆದು ಓದಿ. 9ನೇ ಕಾಲಂನಲ್ಲಿ ಯಾರ ಹೆಸರಿದೆ, 11ರಲ್ಲಿ ಯಾವ ಸಾಲ ಇದೆ ನೋಡಿ. ಅಜ್ಜ ತೀರಿಕೊಂಡು ಇಪ್ಪತ್ತು ವರ್ಷವಾದರೂ ಅವರ ಹೆಸರೇ ಇದ್ದರೆ ಪೌತಿ ಖಾತೆಗೆ ಅರ್ಜಿ ಕೊಡಿ, ಹೆಣ್ಣುಮಕ್ಕಳ ಹೆಸರು ಬಿಡಬೇಡಿ. ಬೆಂಗಳೂರಿಗೋ ದುಬೈಗೋ ಹೊರಡುವ ಮೊದಲು ಒಮ್ಮೆ ಅಪ್ಪನ ಜೊತೆ ಗಡಿಕಲ್ಲುಗಳನ್ನು ಸುತ್ತಿ ಬನ್ನಿ. ತುಳು ಬಾರದವರು ತುಳು ಕಲಿಯಿರಿ, ಬಂದವರು ಬ್ಯಾರಿ, ಕೊಂಕಣಿಯ ನಾಲ್ಕು ಮಾತು ಕಲಿಯಿರಿ. ಮಳೆಗಾಲಕ್ಕೆ ಒಳ್ಳೆಯ ಚಪ್ಪಲಿ ಕೊಳ್ಳಿ.

ಇನ್ನೊಂದು ಕೆಲಸ ಉಳಿದಿದೆ, ಅದು ಮನ್ರೋ ಅರ್ಧದಲ್ಲಿ ಬಿಟ್ಟದ್ದು. 1822ರಲ್ಲಿ ಅವನು ಪ್ರಾಂತದ ಎಲ್ಲ ಕಲೆಕ್ಟರರಿಗೆ ಬರೆದು, ನಿಮ್ಮ ಜಿಲ್ಲೆಯಲ್ಲಿ ಎಷ್ಟು ಶಾಲೆಗಳಿವೆ, ಯಾವ ಜಾತಿಯ ಮಕ್ಕಳು ಎಷ್ಟು ಕಲಿಯುತ್ತಾರೆ ಎಂದು ಕೇಳಿದ. ಬಳ್ಳಾರಿಯಿಂದ ವಿವರವಾದ ಉತ್ತರ ಬಂತು. ಬಂದ ಲೆಕ್ಕಗಳನ್ನು ಕೂಡಿಸಿ 1826ರ ಮಾರ್ಚ್ 10ರಂದು ಬರೆದ ಟಿಪ್ಪಣಿಯಲ್ಲಿ ಪ್ರಾಂತದ ಶಾಲೆಗಳು 12,498 ಎಂದು ಲೆಕ್ಕ ಕೊಟ್ಟಿದ್ದಾನೆ. ಆ ಕೋಷ್ಟಕಗಳಲ್ಲಿ ಕೆನರಾದ ಲೆಕ್ಕ ಇಲ್ಲ. ಇಲ್ಲಿ ಕಾಲೇಜುಗಳಿಲ್ಲ, ಮಕ್ಕಳಿಗೆ ಖಾಸಗಿಯಾಗಿ ಪಾಠವಾಗುತ್ತದೆ ಎಂಬ ಅರ್ಥದ ಉತ್ತರ ಬರೆದು, ಇಲ್ಲಿಯ ಕಲೆಕ್ಟರ್ ಪಟ್ಟಿ ತುಂಬಿಸದೆ ಬಿಟ್ಟ. ಕರಾವಳಿಯ ಐಗಳ ಮಠಗಳಲ್ಲಿ ಮರಳಿನ ಮೇಲೆ ಬೆರಳಾಡಿಸಿ ಅಕ್ಷರ ಕಲಿತ ಮಕ್ಕಳು ಯಾವ ಲೆಕ್ಕಕ್ಕೂ ಬರಲಿಲ್ಲ.

1822ರ ಆ ಸಾಲನ್ನು ಇನ್ನು ತುಂಬಿಸಲಾಗದು. ಆದರೆ ಐಗಳ ಮಠಕ್ಕೆ ಹೋದವರನ್ನು, ಹೋಗಲು ಬಿಡದೆ ಹೊರಗೆ ನಿಲ್ಲಿಸಿದವರನ್ನು ಕಂಡ ಹಿರಿಯರು ನಿಮ್ಮ ಕೆಲವು ಮನೆಗಳಲ್ಲಿ ಇನ್ನೂ ಇದ್ದಾರೆ. ಇವತ್ತು ಪದವಿಪತ್ರ ತೋರಿಸಲು ಅವರ ಬಳಿ ಹೋಗುತ್ತೀರಲ್ಲ, ಆಗ ಒಂದು ನೋಟುಬುಕ್ಕು ಕೈಯಲ್ಲಿರಲಿ. ಎಲ್ಲಿ ಕಲಿತಿರಿ, ಯಾರು ಕಲಿಸಿದರು, ಯಾರನ್ನು ಒಳಗೆ ಬಿಡಲಿಲ್ಲ ಎಂದು ಕೇಳಿ. ಅವರು ಹೇಳಿದ ಹಾಗೆಯೇ, ಅವರ ಮಾತಿನಲ್ಲೇ ಬರೆದುಕೊಳ್ಳಿ. ಕೆಳಗೆ ಊರಿನ ಹೆಸರು, ತಾರೀಖು ಹಾಕಿ.