ಚರ್ಮವಾದ್ಯಕ್ಕೂ ಶ್ರುತಿ ಇದೆಯೇ?

ಅಡುಗೆಮನೆಯ ಡಬ್ಬ ಬಡಿದು ಬೈಸಿಕೊಳ್ಳದ ಮಕ್ಕಳು ಯಾರಿದ್ದಾರೆ? ಡಬ್ಬ ಜೋರಾಗಿಯೇ ಸದ್ದು ಮಾಡುತ್ತದೆ. ಆದರೆ ಅದರ ಸದ್ದಿಗೆ ಶ್ರುತಿ ಸೇರಿಸಿ 'ಸ' ಹಾಡಲು ಹೋಗಿ ನೋಡಿ, ಡಬ್ಬದ 'ಸ' ಎಲ್ಲಿದೆಯೋ ಗೊತ್ತೇ ಆಗುವುದಿಲ್ಲ. ಮೃದಂಗ ಹಾಗಲ್ಲ. ಹಾಡುವವರ ಶ್ರುತಿಗೆ ಅದನ್ನು ಕೂಡಿಸಬಹುದು, ಕೂಡಿಸಲೇಬೇಕು. ಎರಡನ್ನೂ ಬಡಿಯುವುದು ಕೈಯಿಂದಲೇ. ಹಾಗಾದರೆ ಈ ವ್ಯತ್ಯಾಸ ಎಲ್ಲಿಂದ ಬಂತು?

ಈ ಪ್ರಶ್ನೆಯ ಜೊತೆಗೆ ನಿಮಗೊಬ್ಬ ಮೇಷ್ಟ್ರನ್ನು ಪರಿಚಯ ಮಾಡಿಸಬೇಕು. ಅವರು ತಿರುಚ್ಚಿ ಶಂಕರನ್. 1942ರಲ್ಲಿ ತಮಿಳುನಾಡಿನ ಪೂವಾಳೂರಿನಲ್ಲಿ ಹುಟ್ಟಿದರು. ಪಳನಿ ಸುಬ್ರಮಣ್ಯ ಪಿಳ್ಳೆಯವರಂಥ ದೊಡ್ಡ ಗುರುವಿನ ಬಳಿ ಮೃದಂಗ ಕಲಿತರು. ಪಿಳ್ಳೆಯವರು ಎಡಗೈ ವಾದಕರು, ಕಂಜೀರ ಎಂಬ ಪುಟ್ಟ ಚರ್ಮವಾದ್ಯದಲ್ಲೂ ಎತ್ತಿದ ಕೈ. ಶಿಷ್ಯ ಎರಡೂ ವಾದ್ಯಗಳನ್ನು ಹಿಡಿದರು. 1971ರಲ್ಲಿ ಕೆನಡಾದ ಟೊರೊಂಟೊಗೆ ಹೋಗಿ, ಅಲ್ಲಿನ ಯಾರ್ಕ್ ವಿಶ್ವವಿದ್ಯಾಲಯದಲ್ಲಿ ಕರ್ನಾಟಕ ಸಂಗೀತದ ಪಾಠ ಶುರುಮಾಡಿದರು. ಅವರ ಜೊತೆಗೂಡಿ ಆ ಪಾಠಕ್ರಮ ಕಟ್ಟಿದವರು ಜಾನ್ ಹಿಗ್ಗಿನ್ಸ್ ಎಂಬ ಅಮೆರಿಕದ ಗಾಯಕ. ಕರ್ನಾಟಕ ಸಂಗೀತವನ್ನು ಎಷ್ಟು ಚೆನ್ನಾಗಿ ಹಾಡುತ್ತಿದ್ದರೆಂದರೆ, ಜನ ಅವರನ್ನು 'ಹಿಗ್ಗಿನ್ಸ್ ಭಾಗವತರ್' ಎಂದೇ ಕರೆದರು.

ಈಗ ಆ ಪ್ರಶ್ನೆಗೆ ಬರೋಣ. ತಂಬೂರಿಯ ತಂತಿ ಮೀಟಿದಾಗ ಅದು ಇಡಿಯಾಗಿ ಅಲುಗುತ್ತದೆ. ಅದೇ ಹೊತ್ತಿಗೆ ಎರಡು ಭಾಗವಾಗಿ, ಮೂರು ಭಾಗವಾಗಿ, ನಾಲ್ಕು ಭಾಗವಾಗಿಯೂ ಅಲುಗುತ್ತದೆ. ಇಡೀ ತಂತಿ ಸೆಕೆಂಡಿಗೆ 100 ಸಲ ಅಲುಗಿದರೆ ಉಳಿದವು 200, 300, 400 ಸಲ. ಇಷ್ಟು ಲೆಕ್ಕವಾಗಿ ಬಂದ ಕಂಪನಗಳನ್ನು ನಮ್ಮ ಕಿವಿ ಒಟ್ಟುಮಾಡಿ ಒಂದೇ ಸ್ವರವಾಗಿ ಕೇಳುತ್ತದೆ. ದುಂಡಗೆ ಬಿಗಿದ ಸಾದಾ ಚರ್ಮದ ಲೆಕ್ಕ ಬೇರೆ. ಅದರ ಮೊದಲ ಕಂಪನ 100 ಆದರೆ ಮುಂದಿನವು ಸುಮಾರು 159, 214, 230. ಒಂದಕ್ಕೊಂದು ಹೊಂದುವುದಿಲ್ಲ. ಕಿವಿಗೆ ಸ್ವರ ಸಿಗುವುದಿಲ್ಲ, ಬರೀ 'ಧಬ್' ಸಿಗುತ್ತದೆ. ತಮಟೆಗೆ ಇಷ್ಟೇ ಸಾಕು, ಬೀದಿಯಲ್ಲಿ ಕುಣಿಸುವುದಕ್ಕೆ ಅದಕ್ಕಿಂತ ಒಳ್ಳೆಯ ಸದ್ದು ಬೇಕಿಲ್ಲ. ಹಾಡಿನ ಪಕ್ಕ ಕೂರಬೇಕಾದ ವಾದ್ಯಕ್ಕೆ ಮಾತ್ರ ಇದು ಸಾಲದು.

ಮೃದಂಗದ ಬಲಮುಖದ ನಡುವೆ ಕಪ್ಪಗೆ ದುಂಡಗಿರುವುದನ್ನು ನೋಡಿರುತ್ತೀರಿ. ಅದರ ಹೆಸರು ಕರಣೆ. ಒಂದು ಬಗೆಯ ಕರಿಕಲ್ಲಿನ ಪುಡಿಯನ್ನು ಅನ್ನದ ಜೊತೆ ಅರೆದು, ಪದರದ ಮೇಲೆ ಪದರ ಹಚ್ಚಿ ಒಣಗಿಸಿ ಉಜ್ಜಿ ಮಾಡುತ್ತಾರೆ. ಅಂದಕ್ಕಾಗಿ ಇಟ್ಟ ಬೊಟ್ಟು ಅದಲ್ಲ. ನಡುವೆ ತೂಕ ಬಿದ್ದಾಗ ಚರ್ಮದ ಅಡ್ಡಾದಿಡ್ಡಿ ಕಂಪನಗಳು ಸಾಲಿಗೆ ಬರುತ್ತವೆ. ಮೊದಲನೆಯದರ ಎರಡರಷ್ಟು, ಮೂರರಷ್ಟು, ನಾಲ್ಕರಷ್ಟು, ಐದರಷ್ಟು ಎಂದು ಹೆಚ್ಚುಕಡಿಮೆ ತಂತಿಯ ಲೆಕ್ಕಕ್ಕೇ ಬಂದು ನಿಲ್ಲುತ್ತವೆ.

ಇದನ್ನು ವಿಜ್ಞಾನದ ಭಾಷೆಯಲ್ಲಿ ಮೊದಲು ಬಿಡಿಸಿ ಹೇಳಿದವರು ಸರ್ ಸಿ.ವಿ. ರಾಮನ್. 1920ರಲ್ಲೇ ಶಿವಕಾಳಿ ಕುಮಾರ್ ಅವರೊಂದಿಗೆ 'ನೇಚರ್' ಪತ್ರಿಕೆಯಲ್ಲಿ ಬರೆದರು. ಬೆಂಗಳೂರಿಗೆ ಬಂದ ಮೇಲೂ ಈ ವಿಷಯ ಅವರನ್ನು ಬಿಡಲಿಲ್ಲ. ವಾದ್ಯದ ಮೇಲೆ ನಯವಾದ ಮರಳು ಉದುರಿಸಿ, ಬಾರಿಸಿ ನೋಡಿದರು. ಅಲುಗುವ ಕಡೆಯಿಂದ ಮರಳು ಹಾರಿ, ಅಲುಗದ ಗೆರೆಗಳ ಮೇಲೆ ಬಂದು ಕೂರುತ್ತದೆ. ಕಣ್ಣಿಗೆ ಕಾಣದ ಕಂಪನಕ್ಕೆ ಹೀಗೆ ಚಿತ್ರ ಸಿಕ್ಕಿತು. ಬೆಳಕಿನ ಸಂಶೋಧನೆಗೆ ನೊಬೆಲ್ ಪಡೆದವರು ಮೃದಂಗದ ಮೇಲೆ ಮರಳು ಹಾಕಿ ಕೂತಿದ್ದರು ಎಂಬುದು ನನಗಂತೂ ಅವರ ಬಹುಮಾನಕ್ಕಿಂತ ಇಷ್ಟವಾದ ಸಂಗತಿ.

ವಾದಕರಿಗೆ ಈ ಗುಟ್ಟು ಬೆರಳಿನಲ್ಲೇ ಗೊತ್ತಿತ್ತು. ಮೃದಂಗದಲ್ಲಿ 'ನಂ' ಎಂಬ ಪೆಟ್ಟು ನುಡಿಸುವಾಗ ಗಮನಿಸಿ. ತೋರುಬೆರಳು ಅಂಚಿಗೆ ಬಡಿಯುತ್ತದೆ, ಉಂಗುರದ ಬೆರಳು ಚರ್ಮವನ್ನು ಮೆಲ್ಲಗೆ ಮುಟ್ಟಿಕೊಂಡಿರುತ್ತದೆ. ಬೆರಳು ಮುಟ್ಟಿದ ಜಾಗ ಅಲುಗಲಾರದು. ಆದ್ದರಿಂದ ಅಲ್ಲಿ ಅಲುಗಬೇಕಾದ ಕಂಪನಗಳು ಅಡಗಿ, ಆ ಗೆರೆಯ ಮೇಲೆ ಮೊದಲೇ ಅಲುಗದಂಥವು ಮಾತ್ರ ಉಳಿಯುತ್ತವೆ. ನಾದ ತಿಳಿಯಾಗಿ ಕೇಳುತ್ತದೆ.

ಟೊರೊಂಟೊದಲ್ಲಿ ಶಂಕರನ್ ಅವರಿಗೆ ಬೇರೆ ಬೇರೆ ದೇಶದ ತಾಳವಾದ್ಯದವರು ಜೊತೆಯಾದರು. ನೆಕ್ಸಸ್ ಎಂಬ ಕೆನಡಾದ ತಂಡದೊಂದಿಗೆ ನುಡಿಸಿದರು. 1986ರಲ್ಲಿ ವ್ಯಾಂಕೂವರ್‌ನ ಎಕ್ಸ್‌ಪೋ ಮೇಳದಲ್ಲಿ ಹಲವು ದೇಶಗಳ ವಾದಕರು ಒಂದೇ ವೇದಿಕೆಗೆ ಬಂದಾಗ ಅವರೂ ಅಲ್ಲಿದ್ದರು. ಇಂಥ ಕಡೆ ಕಿವಿ ತೆರೆದು ಕೂತರೆ, ಒಂದೇ ಚರ್ಮವನ್ನು ಜಗತ್ತು ಎಷ್ಟು ಬಗೆಯಲ್ಲಿ ಪಳಗಿಸಿದೆ ಎಂದು ತಿಳಿಯುತ್ತದೆ. ನೈಜೀರಿಯಾದ ಯೊರುಬಾ ಜನರ ಮಾತಾಡುವ ಡೋಲು ನಮ್ಮ ಡಮರುಗದಂತೆ ನಡು ಸಣ್ಣಗಿರುತ್ತದೆ. ಕಂಕುಳಲ್ಲಿಟ್ಟು ಹಗ್ಗಗಳನ್ನು ಅದುಮಿದರೆ ಚರ್ಮ ಬಿಗಿಯಾಗಿ ಸ್ಥಾಯಿ ಏರುತ್ತದೆ, ಸಡಿಲ ಬಿಟ್ಟರೆ ಇಳಿಯುತ್ತದೆ. ಅವರ ನುಡಿಯಲ್ಲಿ ದನಿ ಏರಿದರೆ ಒಂದು ಅರ್ಥ, ಇಳಿದರೆ ಇನ್ನೊಂದು. ಹಾಗಾಗಿ ಡೋಲು ನಿಜವಾಗಿಯೂ ಮಾತಾಡುತ್ತದೆ. ನಮ್ಮ ಕಂಜೀರದವರು ಅದೇ ಕೆಲಸಕ್ಕೆ ನೀರು ಬಳಸುತ್ತಾರೆ. ಚರ್ಮದ ಒಳಬದಿಗೆ ನೀರು ಸವರಿದರೆ ಅದು ಭಾರವಾಗಿ, ಸಡಿಲವಾಗಿ, ದನಿ ತಗ್ಗುತ್ತದೆ. ಆಮೇಲೆ ಎಡಗೈ ಬೆರಳಿನಿಂದ ಒತ್ತಿ ದನಿಯನ್ನು ಬಾಗಿಸುತ್ತಾರೆ.

ಮೇಷ್ಟ್ರ ಪಾಠ ಮಾತ್ರ ವಾದ್ಯದಿಂದಲ್ಲ, ಬಾಯಿಂದ. ಮೊದಲು ಸೊಲ್ಲುಕಟ್ಟು, ಅಂದರೆ ಪೆಟ್ಟುಗಳಿಗೆ ಇಟ್ಟ ಅಕ್ಷರಗಳನ್ನು ಹೇಳಬೇಕು, ಕೈಯಲ್ಲಿ ತಾಳ ಹಾಕಬೇಕು. ಹೀಗೆ ಬಾಯಲ್ಲೇ ಸೊಲ್ಲು ನುಡಿಸುವ ಕಲೆಯಾದ ಕೊನ್ನಕ್ಕೋಲ್ ಬಗ್ಗೆ ಅವರು ಪುಸ್ತಕವನ್ನೇ ಬರೆದಿದ್ದಾರೆ. ಇದಕ್ಕೆ ಭಾಷೆ ಅಡ್ಡಬರುವುದಿಲ್ಲ, ಕೆನಡಾದ ಹುಡುಗನೂ 'ತಕಿಟ' ಅನ್ನಬಲ್ಲ. ಸೊಲ್ಲುಗಳನ್ನು ಕಟ್ಟಿದವರ ಕಿವಿ ಎಷ್ಟು ಸೂಕ್ಷ್ಮ ನೋಡಿ: ಚಟ್ಟನೆ ನಿಲ್ಲುವ ಪೆಟ್ಟಿಗೆ 'ತ', ಗುಂಯ್‌ಗುಡುತ್ತಾ ಉಳಿಯುವ ಪೆಟ್ಟಿಗೆ 'ತೊಂ'. ನೀವೂ ಆಡಬಹುದು. ಒಬ್ಬರು 'ತಕಿಟ ತಕಿಟ' ಎನ್ನುತ್ತಿರಿ, ಇನ್ನೊಬ್ಬರು ಅಷ್ಟೇ ವೇಗದಲ್ಲಿ 'ತಕಧಿಮಿ ತಕಧಿಮಿ' ಎನ್ನಲಿ. ಮೊದಲ 'ತ' ಒಟ್ಟಿಗೆ ಬೀಳುತ್ತದೆ, ಆಮೇಲೆ ಬೇರೆಯಾಗುತ್ತೀರಿ, 12 ಅಕ್ಷರ ಮುಗಿದ ಮೇಲೆ ಮತ್ತೆ ಕೂಡುತ್ತೀರಿ. ಶಾಲೆಯಲ್ಲಿ ಕಲಿತ ಲ.ಸಾ.ಅ. ಇದೇ. ಘಾನಾ ದೇಶದ ಎವೆ ಜನರ ಮೇಳದಲ್ಲಿ ಕಬ್ಬಿಣದ ಗಂಟೆಯ ನಡೆ ಕೂಡ 12 ಮಾತ್ರೆಯದು. ಅದರ ಮೇಲೆ ಡೋಲುಗಳು ಮೂರು, ನಾಲ್ಕರ ಲೆಕ್ಕದಲ್ಲಿ ಹೆಣೆದುಕೊಳ್ಳುತ್ತವೆ.

ಮದ್ರಾಸ್ ಮ್ಯೂಸಿಕ್ ಅಕಾಡೆಮಿ 2011ರಲ್ಲಿ ಶಂಕರನ್ ಅವರಿಗೆ ಸಂಗೀತ ಕಲಾನಿಧಿ ಬಿರುದು ಕೊಟ್ಟಿತು. ಹೆಚ್ಚಾಗಿ ಹಾಡುವವರ ಪಾಲಿಗೆ ಹೋಗುವ ಗೌರವ ಮೃದಂಗದವರಿಗೆ ಸಿಕ್ಕಿದ್ದು ನ್ಯಾಯವೇ.

ರಾಮನ್ ಮಾಡಿದ ಪರೀಕ್ಷೆಯನ್ನು ಮನೆಯಲ್ಲೂ ಮಾಡಬಹುದು. ಅಗಲ ಬಾಯಿಯ ಲೋಟಕ್ಕೆ ಕತ್ತರಿಸಿದ ಬಲೂನನ್ನು ಬಿಗಿಯಾಗಿ ಎಳೆದು ರಬ್ಬರ್ ಬ್ಯಾಂಡ್ ಹಾಕಿ. ಒಂದು ಚಿಟಿಕೆ ಸಣ್ಣ ರವೆ ಉದುರಿಸಿ. ಹತ್ತಿರ ಬಾಯಿಟ್ಟು 'ಊ' ಎಂದು ದನಿಯನ್ನು ಮೆಲ್ಲಗೆ ಏರಿಸಿ. ರವೆ ಎಲ್ಲಿ ಕುಣಿಯುತ್ತದೆ, ಎಲ್ಲಿ ಸುಮ್ಮನಿರುತ್ತದೆ ನೋಡಿ. ರವೆ ಕೊಡವಿ, ನಡುವೆ ಕಡಲೆಗಾತ್ರದ ಚಪಾತಿ ಹಿಟ್ಟು ಅಂಟಿಸಿ, ಬೆರಳಿನಿಂದ ತಟ್ಟಿ ದನಿ ಎಷ್ಟು ಇಳಿಯಿತು ಕೇಳಿ. ಮನೆಯಲ್ಲಿ ನಿಜವಾದ ಮೃದಂಗವಿದ್ದರೆ ಅದರ ಕರಣೆಯನ್ನು ಮಾತ್ರ ಉಗುರಿನಿಂದ ಕೆರೆಯಬೇಡಿ. ಒಂದು ಚಕ್ಕೆ ಎದ್ದರೂ ಲೆಕ್ಕ ತಪ್ಪುತ್ತದೆ, ಆಮೇಲೆ ಮೃದಂಗ ಕಟ್ಟುವವರೇ ಬಂದು ಸರಿಮಾಡಬೇಕು.