ಟ್ಯೂಬಿನ ಮೇಲಿನ ಅಂಕಿ
(ಕಲಿಕಾ ಕೇಂದ್ರದಲ್ಲಿ ಒಬ್ಬ ತಾಯಿ ಆಡಿದ ಮಾತು)



ನನಗೆ ಭಾಷಣ ಮಾಡೋಕೆ ಬರಲ್ಲ. ನನ್ನ ಮಗಳ ವಿಷಯ ಹೇಳ್ತೀನಿ.

ಆಗ ಮಗಳಿಗೆ ಆರು ತಿಂಗಳು. ಹಾಲು ನುಂಗಲು ಆಗ್ತಿರಲಿಲ್ಲ. ಕುಡಿದರೆ ಕೆಮ್ಮು. ಮೈ ಸೊರಗಿತು. ಆಸ್ಪತ್ರೆಯಲ್ಲಿ ಮೂಗಿನಿಂದ ಹೊಟ್ಟೆಗೆ ಸಣ್ಣ ಟ್ಯೂಬು ಹಾಕಿದರು. ನರ್ಸಮ್ಮ ನನ್ನ ಕೈಯಿಂದಲೇ ಮಾಡಿಸಿ ಎಲ್ಲ ಕಲಿಸಿದರು.

ಟ್ಯೂಬಿನ ಮೇಲೆ ಅಂಕಿಗಳಿವೆ. ಮೂಗಿನ ಅಂಚಿನಲ್ಲಿ 24 ಇತ್ತು. "ಪ್ರತಿ ಸಲ ಈ ಅಂಕಿ ನೋಡಮ್ಮ. ಬದಲಾಗಿದ್ದರೆ ಟ್ಯೂಬು ಜರುಗಿದೆ. ಆಗ ಹಾಲು ಹಾಕಬೇಡ. ಹಾಲು ಶ್ವಾಸಕೋಶಕ್ಕೆ ಹೋದರೆ ಜೀವಕ್ಕೇ ಅಪಾಯ" ಅಂದ್ರು. ಒಂದೊಂದು ಮಗುವಿಗೆ ಒಂದೊಂದು ಅಂಕಿ. ನಾನು 24 ಅಂತ ಗೋಡೆ ಮೇಲೆ ಬರೆದೆ.

ನಾನು ಮಾಡುವ ಕ್ರಮ ಕೇಳಿ.

ಮೊದಲು ಸೋಪು ಹಾಕಿ ಕೈ ತೊಳೀತೀನಿ. ಅಂಕಿ ನೋಡ್ತೀನಿ. ಸಿರಿಂಜಿನಿಂದ ಹೊಟ್ಟೆಯ ರಸ ಸ್ವಲ್ಪ ಎಳೀತೀನಿ. ಅದನ್ನು ಆಸ್ಪತ್ರೆಯವರು ಕೊಟ್ಟ ಪರೀಕ್ಷೆಯ ಕಾಗದದ ಮೇಲೆ ಹಾಕ್ತೀನಿ. ಕಾಗದದ ಬಣ್ಣ ಬದಲಾಗುತ್ತದೆ. ಡಬ್ಬಿಯ ಮೇಲೆ ಆ ಬಣ್ಣದ ಅಂಕಿ 5.5 ಅಥವಾ ಅದಕ್ಕಿಂತ ಕಡಿಮೆ ಇರಬೇಕು. ಹೆಚ್ಚು ಬಂದರೆ ಹಾಲು ಹಾಕದೆ ಆಸ್ಪತ್ರೆಗೆ ಕೇಳ್ತೀನಿ. ಗಾಳಿ ಊದಿ ಸದ್ದು ಕೇಳಿದರೆ ಸಾಲದು.

ಮಗುವಿನ ತಲೆ, ಎದೆ ಎತ್ತರಿಸಿ ಮಡಿಲಲ್ಲಿ ಹಿಡೀತೀನಿ. ಹೇಳಿದ ಅಳತೆಯಷ್ಟೇ ಹಾಲು ಸಿರಿಂಜಿಗೆ ಸುರೀತೀನಿ. ಒತ್ತಿ ತಳ್ಳೋದಿಲ್ಲ. ಹಾಲು ತಾನಾಗಿ ಇಳಿಯಬೇಕು. ಆಮೇಲೆ ಕುದಿಸಿ ಆರಿಸಿದ ನೀರು, ಹೇಳಿದಷ್ಟು. ಇಲ್ಲದಿದ್ದರೆ ಟ್ಯೂಬು ಕಟ್ಟಿಕೊಳ್ಳುತ್ತದೆ. ಅರ್ಧ ಗಂಟೆ ಮಗುವನ್ನು ಮಲಗಿಸೋದಿಲ್ಲ.

ಬಾಯಿಂದ ಉಣ್ಣದಿದ್ದರೂ ದಿನಾ ಬಾಯಿ ಒರೆಸಬೇಕು. ಮೂಗಿನ ಬಳಿ ಹುಣ್ಣಾಗಿದೆಯೇ ನೋಡಬೇಕು.

ಹಾಲು ಹಾಕುವಾಗ ಕೆಮ್ಮು, ಏದುಸಿರು ಬಂತೇ? ತುಟಿ ನೀಲಿಯಾಯಿತೇ? ಕೂಡಲೇ ನಿಲ್ಲಿಸಿ. 108ಕ್ಕೆ ಫೋನ್ ಮಾಡಿ.

ಒಂದು ಸಂಜೆ ಮಗಳು ಟ್ಯೂಬು ಹಿಡಿದು ಎಳೆದಳು. ನೋಡಿದರೆ 17! ಹಸಿವಿನಿಂದ ಒಂದೇ ಸಮ ಅಳು. "ಒಳಗೆ ತಳ್ಳಿ ಹಾಲು ಹಾಕೇ" ಅಂದ್ರು ಅತ್ತೆ. ನನ್ನ ಕರುಳೂ ಚುರ್ ಅಂತು. ಆದರೂ ತಳ್ಳಲಿಲ್ಲ. ರಾತ್ರಿಯೇ ಆಸ್ಪತ್ರೆಗೆ ಓಡಿದೆವು. ನರ್ಸಮ್ಮ ಹೊಸ ಟ್ಯೂಬು ಹಾಕಿದರು. "ಹಾಲು ಹಾಕದೆ ಬಂದದ್ದು ಒಳ್ಳೇದಾಯ್ತು" ಅಂದ್ರು.

ಅತ್ತೆ ಆ ರಾತ್ರಿ ಏನೂ ಮಾತಾಡಲಿಲ್ಲ. ಬೆಳಿಗ್ಗೆ ಕೇಳಿದರು: "ನೀನು ಕೂಲಿಗೆ ಹೋದಾಗ ಅಂಕಿ ನೋಡೋರು ಯಾರು?"

ಈಗ ಅವರೂ ಈ ಕೇಂದ್ರಕ್ಕೆ ಬರ್ತಾರೆ. ನೋಡಿ, ಹಿಂದಿನ ಸಾಲಿನಲ್ಲಿ ಕೂತಿದ್ದಾರೆ. ಅವರು ಮೊದಲು ಕಲಿತ ಅಂಕಿ 24.