ಪೇಟಿ ಮಾಸ್ತರರ ಹೆಸರು

(ಸಂಘದ ಉಚಿತ ವಾಚನಾಲಯದಲ್ಲಿ ಮಾಡಿದ ಭಾಷಣ)



ನಾನು ಸಂಗೀತ ಬಲ್ಲವನಲ್ಲ. ಗಿರಣಿಯಲ್ಲಿ ಹಾಜರಿ ಪುಸ್ತಕ ಬರೆಯುವ ಕಾರಕೂನ. ಆದರೂ ಈ ಹೊತ್ತು ಎರಡು ಮಾತು ಹೇಳಬೇಕಾಗಿದೆ. ಹೋದ ರಾಜ್ಯೋತ್ಸವದಲ್ಲಿ ನಮ್ಮ ತರುಣರ ರಾಕ್ ಬ್ಯಾಂಡು ಹಾಡಿದ್ದನ್ನು ತಾವೆಲ್ಲ ಕೇಳಿದ್ದೀರಿ. ಅದನ್ನು ಕಟ್ಟಿದವನು, ಹಾಡು ಬರೆದು ಚಾಲು ಕೂಡಿಸಿದವನು, ಹಿಂದೆ ಕೂತು ಕೀಬೋರ್ಡ್ ನುಡಿಸಿದ ಹುಡುಗ. ನಮ್ಮ ಕರಪತ್ರದಲ್ಲಿ ಹಾಡಿದವನ ಹೆಸರು ಮಾತ್ರ ಅಚ್ಚಾಯಿತು. ಕರಪತ್ರ ಬರೆದವನು ನಾನೇ, ತಪ್ಪು ನನ್ನದು. ಈಗ ಆ ತಂಡ ಒಡೆದು ಎರಡಾಗಿದೆ.

ಇಂಥದು ಹೊಸದಲ್ಲ. 1965ರಲ್ಲಿ ಅಮೆರಿಕದ ಲಾಸ್ ಏಂಜಲೀಸಿನಲ್ಲಿ ‘ಡೋರ್ಸ್’ ಎಂಬ ಬ್ಯಾಂಡು ಹುಟ್ಟಿತು. ಕಟ್ಟಿದವರಲ್ಲಿ ಒಬ್ಬರು ಕೀಬೋರ್ಡಿನ ರೇ ಮ್ಯಾಂಜರೆಕ್. ವೇದಿಕೆಯ ಮೇಲೆ ಬೇಸ್ ಗಿಟಾರಿನವರಿಲ್ಲದ್ದರಿಂದ ಆ ಕೆಲಸವನ್ನೂ ಅವರು ಎಡಗೈಯಿಂದಲೇ ಮಾಡುತ್ತಿದ್ದರು. ಜನ ನೆನಪಿಟ್ಟದ್ದು ಮಾತ್ರ ಹೆಚ್ಚಾಗಿ ಗಾಯಕ ಜಿಮ್ ಮಾರಿಸನ್ನರನ್ನು. ಅಷ್ಟು ದೂರ ಹೋಗುವುದೇ ಬೇಡ. ನಾವು ಅನ್ನ ತಿನ್ನುತ್ತಿರುವ ಈ ಮಹಾರಾಷ್ಟ್ರದಲ್ಲೇ ಅದಕ್ಕೂ ಅರ್ಧ ಶತಮಾನ ಮೊದಲು ಅಂಥವರೊಬ್ಬರು ಇದ್ದರು. ಅವರೇ ಗೋವಿಂದರಾವ್ ಟೆಂಬೆ.

ಕೀಬೋರ್ಡಿಗೆ ಮೊದಲು ನಮ್ಮಲ್ಲಿದ್ದದ್ದು ಹಾರ್ಮೋನಿಯಮ್. ನಮ್ಮ ಕಡೆ ಅದಕ್ಕೆ ಪೇಟಿ ಎನ್ನುತ್ತಾರೆ. 1842ರಲ್ಲಿ ಪ್ಯಾರಿಸಿನ ದೆಬೇನ್ ಎಂಬವರು ಅದರ ಹಕ್ಕು ಪಡೆದರು. ಗಾಳಿಯೊತ್ತಿದಾಗ ಒಳಗಿನ ಹಿತ್ತಾಳೆಯ ನಾಲಿಗೆ ಅದುರಿ ಸ್ವರ ಹೊರಡುತ್ತದೆ. ಒಂದು ಸ್ವರದಿಂದ ಇನ್ನೊಂದಕ್ಕೆ ಜಾರುವ ಮೀಂಡ್ ಅದರಲ್ಲಿ ಬಾರದು. ಅದಕ್ಕಾಗಿಯೇ ಪಂಡಿತರು ಅದನ್ನು ಹಳಿದರು. 1940ರಲ್ಲಿ ಆಕಾಶವಾಣಿಯೂ ಅದನ್ನು ಹೊರಗಿಟ್ಟು, ಬಹಳ ವರ್ಷಗಳ ಮೇಲೆ ಒಳಗೆ ಕರೆದುಕೊಂಡಿತು. ಇಂಥ ವಾದ್ಯದಲ್ಲಿ ಟೆಂಬೆಯವರು ಹೆಸರು ಮಾಡಿದರು.

ಅವರು ಹುಟ್ಟಿದ್ದು 1881ರಲ್ಲಿ, ಕೊಲ್ಲಾಪುರದ ಸೀಮೆಯಲ್ಲಿ. ಆಗ ಮರಾಠಿ ಸಂಗೀತ ನಾಟಕದ ಕಾಲ. ಆ ನಾಟಕಕ್ಕೆ 1880ರಲ್ಲಿ ಬುನಾದಿ ಹಾಕಿದ ಅಣ್ಣಾಸಾಹೇಬ ಕಿರ್ಲೋಸ್ಕರರು ನಮ್ಮ ಬೆಳಗಾವಿ ಜಿಲ್ಲೆಯ ಗುರ್ಲಹೊಸೂರಿನವರು ಎಂಬುದನ್ನು ಮರೆಯಬಾರದು. ಅವರ ಹೆಸರಿನ ಕಂಪನಿ 1911ರಲ್ಲಿ ಖಾಡಿಲ್ಕರರ ‘ಮಾನಾಪಮಾನ’ ನಾಟಕ ಆಡಿತು. ಪದಗಳು ಖಾಡಿಲ್ಕರರವು, ಚಾಲುಗಳು ಟೆಂಬೆಯವರವು. ಉತ್ತರದ ಠುಮರಿ ದಾದರಾಗಳ ಧಾಟಿಯನ್ನು ಅವರು ರಂಗಕ್ಕೆ ತಂದರು. ಚಿಕ್ಕ ಪದ, ಚುರುಕು ನಡೆ. ಕೇಳಿದವರ ಬಾಯಲ್ಲಿ ನಿಲ್ಲುವಂಥವು.

1913ರಲ್ಲಿ ಕಿರ್ಲೋಸ್ಕರ ಕಂಪನಿಯಿಂದ ಹೊರಬಿದ್ದು ಮೂವರು ಹೊಸ ಕಂಪನಿ ಕಟ್ಟಿದರು: ಬಾಲಗಂಧರ್ವ, ಗಣಪತರಾವ್ ಬೋಡಸ, ಗೋವಿಂದರಾವ್ ಟೆಂಬೆ. ಕಂಪನಿಗೆ ಹೆಸರು ಬಂದದ್ದು ಹಾಡುವವರದು: ಗಂಧರ್ವ ನಾಟಕ ಮಂಡಳಿ. ಕೆಲವೇ ವರ್ಷಗಳಲ್ಲಿ ಟೆಂಬೆಯವರು ಅದನ್ನು ಬಿಟ್ಟು ‘ಶಿವರಾಜ’ ಎಂಬ ತಮ್ಮದೇ ಕಂಪನಿ ನಡೆಸಿದರು. ಅದೂ ಮುಂದೆ ನಿಂತುಹೋಯಿತು. ಕಂಪನಿ ಕಟ್ಟುವುದು, ಬಿಡುವುದು, ಮುಚ್ಚುವುದು ಎಲ್ಲವನ್ನೂ ಅವರು ಕಂಡರು. ಆದರೆ ಪೇಟಿಯನ್ನು ಬಿಡಲಿಲ್ಲ.

ಈಗ ನಾನು ಹೇಳಬೇಕೆಂದ ಸಂಗತಿಗೆ ಬರುತ್ತೇನೆ. ಕೇಶವರಾವ್ ಭೋಸಲೆ ಎಂಬ ಇನ್ನೊಬ್ಬ ದೊಡ್ಡ ನಟರು 1908ರಲ್ಲಿ ನಮ್ಮ ಹುಬ್ಬಳ್ಳಿಯಲ್ಲಿ ‘ಲಲಿತಕಲಾದರ್ಶ’ ಕಂಪನಿ ಸ್ಥಾಪಿಸಿದ್ದರು. ಈ ಕಂಪನಿಗೂ ಗಂಧರ್ವ ಕಂಪನಿಗೂ ಪೈಪೋಟಿ. ಇವರ ಕಡೆಯ ಪ್ರೇಕ್ಷಕರು ಬೇರೆ, ಅವರ ಕಡೆಯವರು ಬೇರೆ. ಅಂಥ ಎರಡು ಕಂಪನಿಗಳು 1921ರ ಜುಲೈ ತಿಂಗಳಲ್ಲಿ ಮುಂಬಯಿಯಲ್ಲಿ ತಿಲಕ ಸ್ವರಾಜ್ಯ ನಿಧಿಗಾಗಿ ಒಂದೇ ರಂಗದ ಮೇಲೆ ಕೂಡಿ ಆಡಿದವು. ಧೈರ್ಯಧರನಾಗಿ ಕೇಶವರಾಯರು, ಭಾಮಿನಿಯಾಗಿ ಬಾಲಗಂಧರ್ವರು. ಆಡಿದ ನಾಟಕ ಯಾವುದು? ಅದೇ ‘ಮಾನಾಪಮಾನ’. ಗಂಧರ್ವ ಕಂಪನಿ ಕಟ್ಟಿ ಬಿಟ್ಟುಹೋಗಿದ್ದ ಪೇಟಿ ಮಾಸ್ತರರ ಚಾಲುಗಳನ್ನೇ ಎರಡೂ ಕಡೆಯವರು ಅಂದು ಹಾಡಿದರು. ಕೇಶವರಾಯರು ಅದೇ ವರ್ಷ ತೀರಿಕೊಂಡರು. ಆ ಕೂಡುವಿಕೆ ತಡವಾಗಿದ್ದರೆ ಆಗುತ್ತಲೇ ಇರಲಿಲ್ಲ.

ಟೆಂಬೆಯವರ ಕಥೆ ಅಲ್ಲಿಗೆ ಮುಗಿಯಲಿಲ್ಲ. ನಮ್ಮ ನೆರೆಯ ತ್ರ್ಯಂಬಕದಲ್ಲಿ ಹುಟ್ಟಿದ ದಾದಾಸಾಹೇಬ ಫಾಳಕೆಯವರು 1913ರಲ್ಲಿ, ಗಂಧರ್ವ ಕಂಪನಿ ಹುಟ್ಟಿದ ವರ್ಷವೇ, ‘ರಾಜಾ ಹರಿಶ್ಚಂದ್ರ’ ಮೂಕಿಚಿತ್ರ ತೋರಿಸಿದ್ದರು. 1932ರಲ್ಲಿ ಪ್ರಭಾತ ಕಂಪನಿಯ ‘ಅಯೋಧ್ಯೇಚಾ ರಾಜಾ’ ಬಂದಾಗ ಹರಿಶ್ಚಂದ್ರನು ಮರಾಠಿಯಲ್ಲಿ ಮಾತಾಡಿದನು, ಹಾಡಿದನು. ಆ ಹರಿಶ್ಚಂದ್ರ ಟೆಂಬೆಯವರೇ, ಸಂಗೀತವೂ ಅವರದೇ. ಆಗ ಅವರಿಗೆ ಐವತ್ತು ದಾಟಿತ್ತು. ನಾಟಕ ಬರೆದರು, ತಮ್ಮ ಸಂಗೀತ ವ್ಯಾಸಂಗದ ಕಥೆ ಬರೆದರು, ಅಲ್ಲಾದಿಯಾ ಖಾನರ ಚರಿತ್ರೆಯನ್ನೂ ಬರೆದರು. ಆ ಖಾನಸಾಹೇಬರ ಮಕ್ಕಳ ಬಳಿಯೇ ನಮ್ಮ ಮಲ್ಲಿಕಾರ್ಜುನ ಮನಸೂರರು ಕಲಿತದ್ದು. 1955ರಲ್ಲಿ ಟೆಂಬೆಯವರು ಕಾಲವಾದರು.

ಬಂಧುಗಳೇ, ನಮ್ಮ ಹುಡುಗರು ಬಾಲಗಂಧರ್ವರೂ ಅಲ್ಲ, ಟೆಂಬೆಯವರೂ ಅಲ್ಲ. ಪಾಳಿ ಮುಗಿಸಿ ಬಂದು, ಖೋಲಿಯ ಮಾಲಕರ ಬೈಗಳು ತಿಂದು, ರಾತ್ರಿ ಅಭ್ಯಾಸ ಮಾಡಿದವರು. ತಂಡ ಕಟ್ಟಿದವನು ಹೊರಗೆ ಹೋದದ್ದು ದ್ರೋಹವೆಂದು ಯಾರೂ ತಿಳಿಯಬೇಡಿರಿ. ಉಳಿದವರು ಅವನ ಹಾಡನ್ನು ಹಾಡಿದರೆ ಕಳವು ಎಂದು ಅವನೂ ತಿಳಿಯಬಾರದು. ಆದರೆ ಅವನನ್ನು ಕೇಳಿ ಹಾಡಬೇಕು, ಅವನ ಹೆಸರು ಹೇಳಿ ಹಾಡಬೇಕು.

ಆದ್ದರಿಂದ ಕಾರ್ಯಕಾರಿ ಮಂಡಳಿಯ ಮುಂದೆ ಎರಡು ಸೂಚನೆ ಇಡುತ್ತೇನೆ. ಒಂದು, ಇನ್ನು ಮುಂದೆ ಕರಪತ್ರದಲ್ಲಿ ಹಾಡುವವರ ಜತೆಗೆ ಪದ ಬರೆದವರ, ಚಾಲು ಕೂಡಿಸಿದವರ, ವಾದ್ಯ ನುಡಿಸುವವರ ಹೆಸರೂ ಒಂದೇ ಅಳತೆಯ ಅಕ್ಷರದಲ್ಲಿ ಅಚ್ಚಾಗಲಿ. ಇನ್ನೊಂದು, ಬರುವ ನವೆಂಬರದಲ್ಲಿ ಎರಡೂ ತಂಡಗಳು ಒಂದು ಸಂಜೆ ಕೂಡಿ ಹಾಡಲಿ. ಬಂದ ಹಣ ವಾಚನಾಲಯದ ಪುಸ್ತಕಗಳಿಗೆ ಹೋಗಲಿ.

ಆ ಹುಡುಗ ಇವತ್ತು ಬಾಗಿಲ ಹತ್ತಿರದ ಬಾಕಿನ ಮೇಲೆ ಕೂತಿದ್ದಾನೆ. ತಮ್ಮಾ, ಕರಪತ್ರದ ತಪ್ಪಿಗೆ ಎಲ್ಲರ ಮುಂದೆ ನಿನ್ನ ಕ್ಷಮೆ ಕೇಳುತ್ತೇನೆ. ಸಭೆ ಮುಗಿದ ಮೇಲೆ ನಿನ್ನ ಪೂರ್ಣ ಹೆಸರು ಬರೆಸಿ ಹೋಗು.